ಕಣಿವೆ ಅಂದರೆ ದಾಟುವ ಜಾಗ

ನಮ್ಮ ಕಡೆ "ಕಣ್ವೆ ದಾಟಿ ಬಾ" ಅಂತಾರೆ. "ಕಣ್ವೆತಾವ ಬಸ್ಸು ಕೆಟ್ಟು ನಿಂತೈತೆ" ಅಂತಾರೆ. "ಕತ್ತಲಾದ ಮೇಲೆ ಕಣ್ವೇಲಿ ಒಬ್ಬನೇ ಬರಬೇಡ ಕಣಪ್ಪ, ಕರಡಿ ಓಡಾಡ್ತವೆ" ಅಂತಾರೆ. ಆದರೆ "ನಮ್ಮ ಹೊಲ ಕಣ್ವೇಲಿ ಐತೆ, ನಾವು ಹತ್ತು ತಲೆಮಾರಿಂದ ಕಣ್ವೇಲಿ ಬದುಕಿದೀವಿ" ಅನ್ನುವ ಮಾತು ಮಧುಗಿರಿ, ಕೊರಟಗೆರೆ ಕಡೆ ಕಿವಿಗೆ ಬೀಳುವುದು ಅಪರೂಪ. ಕಣಿವೆ ಇರುವುದಕ್ಕಲ್ಲ, ದಾಟುವುದಕ್ಕೆ. ಎರಡು ಗುಡ್ಡದ ನಡುವೆ ತಗ್ಗಾಗಿ, ಕಿರಿದಾಗಿ, ಈ ಕಡೆಯವರು ಆ ಕಡೆಗೆ ಹೋಗಲು ಬಿಟ್ಟಿರುವ ಸಂದು ಅದು.

ಈಗ ಪತ್ರಿಕೆ ತೆಗೆಯಿರಿ. ಕಾವೇರಿ ಕಣಿವೆಯಲ್ಲಿ ಮಳೆ, ಕೃಷ್ಣಾ ಕಣಿವೆಯ ಜಲಾಶಯಗಳು ಭರ್ತಿ, ಪಿನಾಕಿನಿ ಕಣಿವೆಯಲ್ಲಿ ಬರ. ಇಲ್ಲಿ ಕಣಿವೆ ಅಂದರೆ ಸಂದಲ್ಲ. ಸಾವಿರಾರು ಊರು, ಕೆರೆ, ಕಾಡು, ಪಟ್ಟಣ ಎಲ್ಲವೂ ಸೇರಿದ ದೊಡ್ಡ ನಾಡು. ಒಂದು ನದಿಗೆ ನೀರು ಹರಿದು ಬರುವ ಅಷ್ಟೂ ನೆಲ. ಕೊಡಗಿನಿಂದ ಹಿಡಿದು ತಮಿಳುನಾಡಿನ ಕಡಲತೀರದವರೆಗೆ ಒಂದೇ ಕಣಿವೆ!

ಒಂದು ಮಾತಿಗೆ ಎರಡು ಅರ್ಥ ಇದ್ದರೆ ಏನು ಕಷ್ಟ ಅಂತ ನೀವು ಕೇಳಬಹುದು. ಬೇರೆ ಊರಲ್ಲಾದರೆ ಕಷ್ಟ ಇರಲಿಕ್ಕಿಲ್ಲ. ನಮ್ಮ ನಾಲ್ಕು ತಾಲ್ಲೂಕಿನಲ್ಲಿ ಇದೆ. ನಿಮ್ಮ ಕೆರೆಗೆ ನೀರು ಬರುತ್ತದೋ ಇಲ್ಲವೋ ಅನ್ನುವುದು ಈಗ ಆ ಎರಡನೇ ಅರ್ಥದ ಮೇಲೆ ನಿಂತಿದೆ. ಅದಕ್ಕೇ ಈ ಪದದ ಬೆನ್ನು ಹತ್ತಿದ್ದೇವೆ.

ಮೊದಲು ಮಾತಿನ ಹುಟ್ಟು ನೋಡೋಣ. ಇದಕ್ಕೆ ಪಾವಗಡಕ್ಕೆ ಹೋಗುವುದು ಒಳ್ಳೆಯದು. ಮೂರು ಕಡೆ ಆಂಧ್ರ ಸುತ್ತಿಕೊಂಡಿರುವ ತಾಲ್ಲೂಕು ಅದು. ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ, ಸಂತೆಯಲ್ಲಿ ಎರಡೂ. ಗುಡ್ಡದ ಸಂದಿಗೆ ತೆಲುಗಿನಲ್ಲಿ ಕನುಮ ಅಂತಾರೆ. ನಮ್ಮ ಪಶ್ಚಿಮ ಘಟ್ಟಕ್ಕೆ ತೆಲುಗು ಪುಸ್ತಕಗಳಲ್ಲಿ ಇರುವ ಹೆಸರೇ ಪಡಮಟಿ ಕನುಮಲು. ಪೂರ್ವ ಘಟ್ಟ ತೂರ್ಪು ಕನುಮಲು. ತಮಿಳಿನಲ್ಲಿ ಇದೇ ಮಾತು ಕಣವಾಯ್. ಪಾಲಕ್ಕಾಡಿನ ಹತ್ತಿರ ಘಟ್ಟ ಕಡಿದು ಬಿಟ್ಟಂತಿರುವ ಅಗಲವಾದ ಸಂದು ಇದೆಯಲ್ಲ, ಕೊಯಮತ್ತೂರಿನಿಂದ ಕೇರಳಕ್ಕೆ ರೈಲು ಹೋಗುವ ದಾರಿ, ಅದು ಪಾಲಕ್ಕಾಟ್ಟು ಕಣವಾಯ್. ಕನ್ನಡದಲ್ಲಿ ಕಣಿವೆ, ಕಣವೆ, ಕಣಮೆ ಅಂತ ರೂಪಗಳಿವೆ. ನಮ್ಮ ಬಾಯಲ್ಲಿ ಕಣ್ವೆ. ಮೂರು ಭಾಷೆಯ ಈ ಮಾತುಗಳು ಒಂದೇ ಮನೆತನದವು ಅಂತ ಭಾಷೆ ಬಲ್ಲವರು ಗುರುತಿಸುತ್ತಾರೆ.

ಕನುಮ ಎಲ್ಲಿ, ಕಣಿವೆ ಎಲ್ಲಿ ಅನ್ನಿಸಿದರೆ ಪಾವಗಡದ ಹೆಸರನ್ನೇ ನೋಡಿ. ತೆಲುಗಿನವರು ಪಾಮು ಅಂದಿದ್ದನ್ನು ಹಳಗನ್ನಡದವರು ಪಾವು ಅಂದರು, ನಾವು ಹಾವು ಅಂತೀವಿ. ಪಾಮುಕೊಂಡ, ಪಾವುಗಡ ಎರಡೂ ಒಂದೇ ಬೆಟ್ಟ. ಬೇವಿನ ಮರಕ್ಕೆ ತೆಲುಗಿನಲ್ಲಿ ವೇಮು ಅನ್ನುವ ಹೆಸರುಂಟು. ಅಲ್ಲಿ 'ಮ' ಇದ್ದರೆ ಇಲ್ಲಿ 'ವ'. ಇನ್ನು ಕಣ್ಣಿಗೆ ಅವರು ಕನ್ನು ಅಂತಾರೆ, ಮಣ್ಣಿಗೆ ಮನ್ನು. ಇಲ್ಲಿ 'ಣ' ಇದ್ದರೆ ಅಲ್ಲಿ 'ನ'. ಈ ಎರಡು ಲೆಕ್ಕ ಸೇರಿಸಿದರೆ ಕನುಮ ಮತ್ತು ಕಣಿವೆ ಅಣ್ಣತಮ್ಮಂದಿರು ಅನ್ನುವುದಕ್ಕೆ ಪಂಡಿತರೇ ಬೇಕಾಗಿಲ್ಲ, ಎರಡೂ ಭಾಷೆ ಆಡುವ ಪಾವಗಡದ ಒಬ್ಬ ಅಜ್ಜಿ ಸಾಕು.

ಇಲ್ಲಿ ಒಂದು ಮಾತು. ಸಂಕ್ರಾಂತಿ ಮಾರನೇ ದಿನ ತೆಲುಗು ಮನೆಗಳಲ್ಲಿ ದನ ಪೂಜೆ ಮಾಡುವ ಹಬ್ಬಕ್ಕೂ ಕನುಮ ಅಂತಲೇ ಹೆಸರು. ಎರಡೂ ಒಂದೇ ಬೇರಿನದು ಅಂತ ಕಥೆ ಕಟ್ಟುವುದು ಸುಲಭ. ನಾವು ಕಟ್ಟುವುದಿಲ್ಲ. ಸದ್ದು ಒಂದೇ ಥರ ಇದ್ದ ಮಾತ್ರಕ್ಕೆ ಸಂಬಂಧಿಕರಾಗುವುದಿಲ್ಲ. ವಾಟ್ಸಾಪಿನಲ್ಲಿ ಓಡಾಡುವ ಊರ ಹೆಸರಿನ ಕಥೆಗಳಲ್ಲಿ ಹೆಚ್ಚಿನವು ಇಂಥವೇ.

ಕಣಿವೆಯನ್ನು ಕಣ್ಣು ಮತ್ತು ಬಾಯಿ ಅಂತ ಬಿಡಿಸಲಿಕ್ಕೂ ಮನಸ್ಸಾಗುತ್ತದೆ. ತಮಿಳಿನ ಕಣವಾಯ್ ಪದದ ಕೊನೆಯಲ್ಲಿ ಕೇಳಿಸುವ ವಾಯ್ ಅಂದರೆ ಬಾಯಿ. ಕನ್ನಡದಲ್ಲಿ ತೂತಿಗೆಲ್ಲ ಕಣ್ಣು ಅನ್ನುವ ರೂಢಿ ಇದೆ, ತೆಂಗಿನಕಾಯಿಗೆ ಮೂರು ಕಣ್ಣು, ಸೇತುವೆಗೆ ಹತ್ತು ಕಣ್ಣು. ಗುಡ್ಡದ ಸಾಲಿನಲ್ಲಿ ಬಿಟ್ಟ ಕಣ್ಣು ಕಣಿವೆ ಅಂದರೆ ಚೆಂದವಾಗಿಯೇ ಇದೆ. ಆದರೆ ಇದು ಊಹೆ. ಇದರ ಮೇಲೆ ನಮ್ಮ ವಾದ ನಿಂತಿಲ್ಲ. ವಾದಕ್ಕೆ ಬೇಕಾದದ್ದು ಇಷ್ಟೇ: ಮೂರೂ ಭಾಷೆಯಲ್ಲಿ ಈ ಮಾತಿಗೆ ಇರುವ ಹಳೆಯ ಅರ್ಥ ದಾರಿ, ಗುಡ್ಡ ದಾಟುವ ದಾರಿ.

ಹಾಗಾದರೆ ಕನ್ನಡದ ಕಣಿವೆ ಮಾತ್ರ ಯಾಕೆ ಇಷ್ಟು ಹಿಗ್ಗಿತು? ನಮಗೆ ತೋರುವ ಮಟ್ಟಿಗೆ ಪಠ್ಯಪುಸ್ತಕದ ಪಾಲು ದೊಡ್ಡದು. ಶಾಲೆಯಲ್ಲಿ ಓದಿದ್ದು ನೆನಪಿಸಿಕೊಳ್ಳಿ. ಹೊರಗಿನ ದಂಡು ಖೈಬರ್ ಕಣಿವೆ ದಾಟಿ ಬಂತು ಅಂತ ಒಂದು ಪಾಠ. ಸಿಂಧೂ ಕಣಿವೆಯಲ್ಲಿ ನಾಗರಿಕತೆ ಬೆಳೆಯಿತು ಅಂತ ಇನ್ನೊಂದು ಪಾಠ. ಮೊದಲನೆಯದು ಬೆಟ್ಟದ ಸಂದು. ಎರಡನೆಯದು ನೂರಾರು ಮೈಲಿ ಹರಡಿದ ನದಿ ಬಯಲು. ಮೇಷ್ಟ್ರು ಎರಡನ್ನೂ ಕಣಿವೆ ಅಂತಲೇ ಓದಿಸಿದರು, ನಾವೂ ಬರೆದು ಪಾಸಾದೆವು. ತೆಲುಗಿನವರು ಸಿಂಧು ಲೋಯ ಅಂದರು, ಕನುಮವನ್ನು ಮುಟ್ಟಲಿಲ್ಲ. ತಮಿಳಿನವರು ಸಿಂಧು ಸಮವೆಳಿ, ಅಂದರೆ ಸಿಂಧೂ ಬಯಲು ಅಂದರು, ಕಣವಾಯನ್ನು ಖೈಬರಿಗೇ ಉಳಿಸಿಕೊಂಡರು. ಕನ್ನಡದಲ್ಲೂ ಸಿಂಧೂ ಬಯಲಿನ ನಾಗರಿಕತೆ ಅನ್ನುವ ಒಳ್ಳೆಯ ಬಳಕೆ ಇದೆ. ಆದರೂ ಕಣಿವೆಯೇ ಹೆಚ್ಚು ಓಡಿತು. ಆಮೇಲೆ ಕಾಶ್ಮೀರ ಕಣಿವೆ ಬಂತು. ಈಗ ಖೈಬರಿಗೆ ಕಣಿವೆ ಅಂದರೆ ಸಾಲದು ಅನ್ನಿಸಿ ಕಣಿವೆ ಮಾರ್ಗ ಅಂತ ಬಾಲ ಸೇರಿಸುತ್ತಾರೆ. ದಾರಿ ಅನ್ನುವ ಅರ್ಥ ಪದದ ಒಳಗೇ ಇತ್ತು, ಅದು ಸೋರಿಹೋದ ಮೇಲೆ ಹೊರಗಿನಿಂದ ಅಂಟಿಸಬೇಕಾಯಿತು.

ಮಲೆನಾಡಿನಲ್ಲಿ ದಾರಿಗೆ ಘಾಟಿ ಅನ್ನುವ ಮಾತು ಗಟ್ಟಿಯಾಗಿ ಕೂತಿತು. ಶಿರಾಡಿ ಘಾಟಿ, ಚಾರ್ಮಾಡಿ ಘಾಟಿ. ಬಡಗಿನ ಕಡೆ ನೀರು ಕೊರೆದ ಆಳದ ತಗ್ಗಿಗೆ ಕೊಳ್ಳ ಅಂತಾರೆ, ಪಟ್ಟದಕಲ್ಲಿನ ಹತ್ತಿರದ ಹುಲಿಗೆಮ್ಮನ ಕೊಳ್ಳದ ಹಾಗೆ. ಬಯಲುಸೀಮೆಯ ಕಲ್ಲುಗುಡ್ಡದ ನಾಡಿನಲ್ಲಿ ಕಣಿವೆ ತನ್ನ ಹಳೆಯ ಅರ್ಥದಲ್ಲೇ ಉಳಿದುಕೊಂಡಿತು. ಅದಕ್ಕೆ ಕಾರಣ ನೆಲದಲ್ಲೇ ಇದೆ. ರಾಮನಗರದ ಕಡೆಯಿಂದ ತುಮಕೂರು ಜಿಲ್ಲೆಯ ಪೂರ್ವಕ್ಕೆ ಹಾದು ಉತ್ತರಕ್ಕೆ ಹೋಗುವ ಗ್ರಾನೈಟ್ ಪಟ್ಟಿ ಸುಮಾರು 250 ಕೋಟಿ ವರ್ಷ ಹಳೆಯದು. ಭೂವಿಜ್ಞಾನಿಗಳು ಅದಕ್ಕೆ ಕ್ಲೋಸ್‌ಪೇಟೆ ಗ್ರಾನೈಟ್ ಅಂತಾರೆ, ರಾಮನಗರದ ಬ್ರಿಟಿಷರ ಕಾಲದ ಹೆಸರಿನ ಮೇಲೆ. ದೇವರಾಯನದುರ್ಗ, ಚನ್ನರಾಯನದುರ್ಗ, ಮಧುಗಿರಿ, ಮಿಡಿಗೇಶಿ, ಪಾವಗಡ, ನಿಡಗಲ್ಲು ಅಂತ ಒಂದರ ಹಿಂದೆ ಒಂದು ಬೆಟ್ಟ ನಿಂತಿವೆ. ಇವು ಸಹ್ಯಾದ್ರಿಯ ಹಾಗೆ ಒತ್ತಾದ ಗೋಡೆಯಲ್ಲ. ಹಲ್ಲು ಬಿದ್ದ ಬಾಯಿಯ ಹಾಗೆ, ನಡುನಡುವೆ ಸಂದು. ಆ ಸಂದುಗಳೇ ನಮ್ಮ ಕಣಿವೆಗಳು.

ಈ ಬೆಟ್ಟಗಳ ತಲೆಯ ಮೇಲೆಲ್ಲ ಕೋಟೆ ಯಾಕಿವೆ ಅಂತ ಯೋಚಿಸಿದ್ದೀರಾ? ಮೇಲೆ ಕೂತವನಿಗೆ ಕೆಳಗಿನ ಸಂದು ಕಾಣಬೇಕು. ಕಣಿವೆ ಯಾರ ಕೈಯಲ್ಲಿದೆಯೋ ಅವನ ಕೈಯಲ್ಲಿ ದಾರಿ, ದಾರಿ ಕೈಯಲ್ಲಿದ್ದರೆ ಸುಂಕ. ಪಾಳೆಗಾರರು ಬೆಟ್ಟ ಹತ್ತಿದ್ದು ಗಾಳಿಗಲ್ಲ.

ಕಣಿವೆಯಲ್ಲಿ ಒಬ್ಬಳು ಅಮ್ಮನೂ ಇರುತ್ತಾಳೆ. ಊರಿನ ಗಡಿ ಮುಗಿದು ಇನ್ನೊಂದು ಊರಿನ ಗಡಿ ಶುರುವಾಗುವ ಜಾಗ, ಅಲ್ಲಿ ಕಾಯುವವರು ಬೇಕಲ್ಲ. ಲಾರಿಯವರು ಇಳಿದು ಕಾಯಿ ಒಡೆಯುತ್ತಾರೆ, ಬೈಕಿನವರು ಒಂದು ಗಳಿಗೆ ಹಾರ್ನ್ ಹೊಡೆದು ಕೈ ಎತ್ತುತ್ತಾರೆ. ಕಣಿವೆ ಮಾರಮ್ಮ ಅನ್ನುವ ಹೆಸರು ಎಷ್ಟು ಕಡೆ ಇದೆಯೋ! ಅವರಲ್ಲಿ ಹೆಚ್ಚು ಹೆಸರಾದವಳು ನಮ್ಮ ಶಿರಾ ದಾಟಿದರೆ ಸಿಗುವ ಹಿರಿಯೂರಿನ ಕಡೆಯವಳು. ವೇದಾವತಿ ನದಿ ಅಲ್ಲಿ ಗುಡ್ಡದ ಸಾಲನ್ನು ಒಂದು ಇಕ್ಕಟ್ಟಿನ ಸಂದಿನಲ್ಲಿ ಸೀಳಿಕೊಂಡು ಹೋಗುತ್ತಿತ್ತು. ಆ ಸಂದೇ ಮಾರಿಕಣಿವೆ. 1898ರಲ್ಲಿ ಮೈಸೂರು ಸರ್ಕಾರ ಅಲ್ಲಿ ಅಣೆಕಟ್ಟೆ ಕೆಲಸ ಶುರುಮಾಡಿತು, 1907ರಲ್ಲಿ ಮುಗಿಯಿತು. ಮಹಾರಾಣಿಯವರ ಹೆಸರಿನಲ್ಲಿ ವಾಣಿವಿಲಾಸ ಸಾಗರ ಅಂತ ಹೆಸರಿಟ್ಟರು. ನೂರು ವರ್ಷ ದಾಟಿದರೂ ನಮ್ಮವರು ಮಾರಿಕಣಿವೆ ಅಂತಲೇ ಅನ್ನುತ್ತಾರೆ. 1933ರಲ್ಲಿ ಕೋಡಿ ಬಿದ್ದ ಜಲಾಶಯ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಆಗ ನೋಡಲು ಹೋದವರಲ್ಲಿ ಶಿರಾದವರು ಎಷ್ಟು ಜನ ಇದ್ದರೋ ಲೆಕ್ಕವಿಲ್ಲ. ಅಲ್ಲಿ ಕಟ್ಟೆಯ ಮೇಲೆ ನಿಂತರೆ ಹಳೆಯ ಅರ್ಥ ಕಣ್ಣಿಗೇ ಕಾಣುತ್ತದೆ. ಕಟ್ಟೆ ಇಷ್ಟುದ್ದ, ಅದರ ಹಿಂದಿನ ನೀರು ಕಣ್ಣು ಹಾಯುವಷ್ಟು. ಅಷ್ಟು ಸಣ್ಣ ಸಂದನ್ನು ಮುಚ್ಚಿದ್ದಕ್ಕೆ ಅಷ್ಟು ನೀರು ನಿಂತಿತು. ಕಣಿವೆ ಅಂದರೆ ಆ ಸಂದು. ಹಿಂದಿನ ನೀರಿನ ಹರವಲ್ಲ.

ನಮ್ಮ ಹಳೆಯ ಕೆರೆ ಕಟ್ಟಿದವರಿಗೂ ಇದು ಗೊತ್ತಿತ್ತು. ಎರಡು ಗುಡ್ಡ ಹತ್ತಿರ ಬರುವ ಕಡೆ ಏರಿ ಹಾಕಿದರೆ ಮಣ್ಣು ಕಡಿಮೆ, ನೀರು ಜಾಸ್ತಿ. ಕಣಿವೆಯನ್ನು ನೀರು ದಾಟುತ್ತದೆ, ಜನ ದಾಟುತ್ತಾರೆ, ಶಿರಾ ಪಾವಗಡದ ಗೊಲ್ಲರ, ಕುರುಬರ ಕುರಿ ಹಿಂಡು ದಾಟುತ್ತದೆ, ತಿಮ್ಮಲಾಪುರ ಕಾಡಿನ ಕರಡಿಯೂ ದಾಟುತ್ತದೆ.

ಇಷ್ಟು ಹೇಳಿದ್ದು ಈಗ ಹೇಳಲಿರುವುದಕ್ಕೆ. ಸರ್ಕಾರಿ ಮಾತಿನಲ್ಲಿ ಕಣಿವೆ ಅನ್ನುವುದು ಇದಕ್ಕೆ ಪೂರಾ ತಿರುಗುಮುರುಗಾಗಿದೆ. ಅಲ್ಲಿ ಕಣಿವೆ ದಾಟುವ ಜಾಗವಲ್ಲ, ದಾಟಬಾರದ ಗೆರೆ. "ನಿಮ್ಮ ಕೆರೆ ಈ ಕಣಿವೆಗೆ ಬರೋದಿಲ್ಲ" ಅಂದುಬಿಟ್ಟರೆ ಮುಗಿಯಿತು. ಅರ್ಜಿ ಹಿಡಿದು ಹೋದ ರೈತ ವಾಪಸ್ ಬರುತ್ತಾನೆ.

ಮಧುಗಿರಿ ಉಪವಿಭಾಗದ ನಾಲ್ಕು ತಾಲ್ಲೂಕಿನ ನೀರಿನ ದಿಕ್ಕು ನೋಡಿ. ಕೊರಟಗೆರೆಗೆ ಅಂಟಿಕೊಂಡ ದೇವರಾಯನದುರ್ಗದ ಬೆಟ್ಟದಲ್ಲಿ ಜಯಮಂಗಲಿ ಹುಟ್ಟುತ್ತದೆ, ಶಿಂಷಾನೂ ಅಲ್ಲೇ ಹುಟ್ಟುತ್ತದೆ. ಶಿಂಷಾ ತೆಂಕಣಕ್ಕೆ ಹೋಗಿ ಕಾವೇರಿ ಸೇರುತ್ತದೆ. ಜಯಮಂಗಲಿ ಕೊರಟಗೆರೆ, ಮಧುಗಿರಿ ಹಾದು ಆಂಧ್ರಕ್ಕೆ ಹೋಗಿ ಉತ್ತರ ಪಿನಾಕಿನಿ ಸೇರುತ್ತದೆ. ಆ ಪಿನಾಕಿನಿ ಪಾವಗಡದ ನಾಗಲಮಡಿಕೆಯಲ್ಲಿ ಮತ್ತೆ ನಮ್ಮ ಜಿಲ್ಲೆಯನ್ನು ಮುಟ್ಟುತ್ತದೆ. ಇತ್ತ ಶಿರಾದ ಹಳ್ಳಗಳಲ್ಲಿ ಬಹುಪಾಲು ಬಡಗಲಿಗೆ ಹರಿದು ವೇದಾವತಿ, ಅಲ್ಲಿಂದ ತುಂಗಭದ್ರೆ, ಅಲ್ಲಿಂದ ಕೃಷ್ಣೆ. ಒಂದು ಬಸ್ಸಿನಲ್ಲಿ ಅರ್ಧ ದಿನ ಸುತ್ತಿದರೆ ಮೂರು ನದಿಯ ನೆಲ ಮುಗಿಯುತ್ತದೆ. ಮೂರೂ ಕೊನೆಗೆ ಹೋಗಿ ಬೀಳುವುದು ಬಂಗಾಳ ಕೊಲ್ಲಿಗೇ.

ಈ ಮೂರರಲ್ಲೂ ನಮ್ಮ ಪಾಲಿಗೆ ತುಂಬಿ ಹರಿಯುವ ನದಿ ಒಂದೂ ಇಲ್ಲ. ಪಿನಾಕಿನಿ, ವೇದಾವತಿ ಎರಡೂ 1892ರಲ್ಲಿ ಮೈಸೂರು ಮತ್ತು ಮದರಾಸು ಮಾಡಿಕೊಂಡ ಒಪ್ಪಂದದ ಪಟ್ಟಿಯಲ್ಲಿದ್ದವು. ಕೆಳಗಿನವರನ್ನು ಕೇಳದೆ ಮೇಲಿನವರು ಹೊಸ ನೀರಾವರಿ ಕೆಲಸ ಮಾಡುವ ಹಾಗಿಲ್ಲ ಅನ್ನುವ ಒಪ್ಪಂದ ಅದು. ಹಾಗಾಗಿ ನಮ್ಮ ಕಡೆಗೆ ನೀರು ಬರುವುದಾದರೆ ಹೊರಗಿನಿಂದಲೇ, ಅಂದರೆ ಇನ್ನೊಂದು ನದಿಯ ನೆಲದಿಂದಲೇ ಬರಬೇಕು. ಗುಡ್ಡ ದಾಟಿಯೇ ಬರಬೇಕು.

ಮದಲೂರು ಕೆರೆಯ ಕಥೆ ಶಿರಾದವರಿಗೆ ಬಾಯಿಪಾಠ. ಹೇಮಾವತಿ ಕಾವೇರಿಯ ಉಪನದಿ. ಅದರ ನೀರು ನಾಲೆಯಲ್ಲಿ ತುಮಕೂರು ಜಿಲ್ಲೆಗೆ ಬಂದು, ಕಳ್ಳಂಬೆಳ್ಳ ಮತ್ತು ಶಿರಾ ಕೆರೆಗಳಿಗೆ ಕುಡಿಯುವುದಕ್ಕೆ ಅಂತ ಹರಿಯುತ್ತದೆ. ಅಲ್ಲಿಂದ ಮುಂದೆ ಮದಲೂರಿಗೂ ಹರಿಸಿ ಅನ್ನುವುದು ವರ್ಷಗಳ ಕೂಗು. 2020ರ ನವೆಂಬರಿನಲ್ಲಿ ಶಿರಾ ಉಪಚುನಾವಣೆ ಬಂತು. ಆಗಿನ ಮುಖ್ಯಮಂತ್ರಿ ಯಡಿಯೂರಪ್ಪನವರು ಪ್ರಚಾರಕ್ಕೆ ಬಂದು ಆರು ತಿಂಗಳಲ್ಲಿ ಮದಲೂರು ಕೆರೆ ತುಂಬಿಸುವ ಮಾತು ಕೊಟ್ಟರು. ಮರುವರ್ಷ ಅದೇ ಸರ್ಕಾರದ ಕಡೆಯಿಂದ ಕೇಳಿಬಂದ ಮಾತು ಮದಲೂರಿಗೆ ಹಂಚಿಕೆಯೇ ಇಲ್ಲ ಅನ್ನುವುದು. ಹಂಚಿಕೆ, ಕಣಿವೆ, ಕೊಳ್ಳ ಅನ್ನುವ ಮಾತುಗಳು ಆಗ ಟೀ ಅಂಗಡಿಗೂ ಬಂದವು. ಓಟು ಕೇಳುವಾಗ ಕಾಣದ ಕಣಿವೆ ನೀರು ಬಿಡುವಾಗ ಎಲ್ಲಿಂದ ಎದ್ದುಬಂತು ಅಂತ ಜನ ಕೇಳಿದರೆ ತಪ್ಪಿಲ್ಲ.

ಕಾವೇರಿ ನೀರು ಕಾವೇರಿ ಕಣಿವೆಗೇ ಇರಬೇಕು, ಅದು ಕಾನೂನು ಅನ್ನುವವರಿಗೆ ಬೆಂಗಳೂರನ್ನು ತೋರಿಸಬೇಕು. ಬೆಂಗಳೂರು ನಗರ ನೀರು ಹರಿಯುವ ಲೆಕ್ಕದಲ್ಲಿ ಎರಡು ಕಡೆಗೆ ಸೇರುತ್ತದೆ. 2007ರಲ್ಲಿ ಕಾವೇರಿ ನ್ಯಾಯಮಂಡಳಿ ತನ್ನ ಅಂತಿಮ ತೀರ್ಪು ಕೊಟ್ಟಾಗ ನಗರದ ಮೂರನೇ ಒಂದು ಭಾಗ ಮಾತ್ರ ಕಾವೇರಿ ಗೆರೆಯ ಒಳಗಿದೆ ಅಂತ ಹಿಡಿದು ಕುಡಿಯುವ ನೀರಿನ ಲೆಕ್ಕ ಇಳಿಸಿತ್ತು. 2018ರ ಫೆಬ್ರವರಿ 16ರಂದು ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ನಗರವನ್ನು ಹಾಗೆ ಸೀಳಿ ನೋಡಬಾರದು, ಕುಡಿಯುವ ನೀರು ಮೊದಲು ಅನ್ನುವ ನೆಲೆಯಲ್ಲಿ ಕರ್ನಾಟಕಕ್ಕೆ ಹೆಚ್ಚಿಸಿದ 14.75 ಟಿಎಂಸಿಯಲ್ಲಿ 4.75 ಟಿಎಂಸಿಯನ್ನು ಬೆಂಗಳೂರಿನ ಹೆಸರಿನಲ್ಲಿ ಕೊಟ್ಟಿತು. ಒಳ್ಳೆಯದೇ ಆಯಿತು. ನಮ್ಮ ಮಕ್ಕಳೂ ಅಲ್ಲೇ ಗಾರ್ಮೆಂಟ್ಸಿಗೆ, ಓಲಾ ಓಡಿಸಲಿಕ್ಕೆ ಹೋಗಿದ್ದಾರೆ, ಅವರೂ ಆ ನೀರು ಕುಡಿಯುತ್ತಾರೆ. ಕೇಳುವುದು ಇಷ್ಟೇ: ದೊಡ್ಡ ನಗರಕ್ಕೆ ಕುಡಿಯುವ ನೀರಿಗಾಗಿ ದಾಟಿದ ಗೆರೆ, ಫ್ಲೋರೈಡ್ ನೀರು ಕುಡಿದು ಹಲ್ಲು ಹಳದಿಯಾದ ಪಾವಗಡದ ಊರಿಗೆ, ಒಣಗಿದ ಮದಲೂರಿಗೆ ಬಂದಾಗ ಮಾತ್ರ ಕಲ್ಲಿನ ಗೋಡೆ ಆಗುವುದು ಹೇಗೆ?

ಎತ್ತಿನಹೊಳೆಯನ್ನೂ ನೋಡಿ. ಅದು ನೇತ್ರಾವತಿಗೆ ಸೇರಿ ಅರಬ್ಬಿ ಸಮುದ್ರಕ್ಕೆ ಹೋಗುವ ಹೊಳೆ. ಸಕಲೇಶಪುರದ ಕಡೆಯಿಂದ ಅದನ್ನು ಎತ್ತಿ, ಘಟ್ಟದ ಈಚೆಗೆ ದಾಟಿಸಿ, ಕೋಲಾರ ಚಿಕ್ಕಬಳ್ಳಾಪುರದವರೆಗೆ ತರುವ ಯೋಜನೆ. ಕಾಗದದ ಮೇಲಿನ ಲೆಕ್ಕ 24.01 ಟಿಎಂಸಿ. 2024ರ ಸೆಪ್ಟೆಂಬರಿನಲ್ಲಿ ಮೊದಲ ಹಂತಕ್ಕೆ ಚಾಲನೆಯೂ ಆಯಿತು. ಕೊರಟಗೆರೆ, ಮಧುಗಿರಿಯ ಕೆರೆಗಳಿಗೂ ನೀರು ಅಂತ ಹೇಳಿದ್ದಾರೆ. ಕೊರಟಗೆರೆಯ ಬೈರಗೊಂಡ್ಲಿನಲ್ಲಿ ಜಲಾಶಯ ಅಂದಾಗ ಮುಳುಗುವ ಊರಿನವರು ತಿರುಗಿಬಿದ್ದರು. ದೊಡ್ಡಬಳ್ಳಾಪುರದ ಕಡೆಯ ಎಕರೆಗೆ ಒಂದು ಬೆಲೆ, ಕೊರಟಗೆರೆ ಕಡೆಯ ಎಕರೆಗೆ ಒಂದು ಬೆಲೆ ಅಂದರೆ ಯಾರು ಸುಮ್ಮನಿರುತ್ತಾರೆ? ಆ ಜಗಳ ಬೇರೆಯೇ ಬರೆಯಬೇಕಾದದ್ದು. ಇಲ್ಲಿ ಗಮನಿಸಬೇಕಾದದ್ದು ಒಂದು. ಪಡುವಣ ಕಡಲಿಗೆ ಹೋಗುವ ಹೊಳೆಯನ್ನೇ ತಿರುಗಿಸಿ ತರಲು ಯಾವ ಕಣಿವೆಯೂ ಅಡ್ಡ ಬರಲಿಲ್ಲ. ಸರ್ಕಾರಕ್ಕೆ ಮನಸ್ಸಿದ್ದಾಗ ಅದು ಯೋಜನೆ, ಮನಸ್ಸಿಲ್ಲದಾಗ ಅದು ಕಣಿವೆ.

ನದಿಯ ಗೆರೆಗೆ ಅರ್ಥವೇ ಇಲ್ಲ ಅಂತ ನಾವು ಹೇಳುತ್ತಿಲ್ಲ. ಒಂದು ನದಿಯ ನೀರನ್ನು ಮೇಲಿನವರು ಬೇಕಾದ ಕಡೆಗೆ ತಿರುಗಿಸಿಕೊಂಡರೆ ಕೆಳಗಿನ ರೈತ ಏನು ಮಾಡಬೇಕು? ಆ ಗೆರೆ ಅವನನ್ನು ಕಾಯುತ್ತದೆ. ವಾಣಿವಿಲಾಸದ ನೀರನ್ನು ಬೇರೆ ಕಡೆಗೆ ಕೊಡುವ ಮಾತು ಬಂದರೆ ಹಿರಿಯೂರಿನವರು ಬೀದಿಗಿಳಿಯುತ್ತಾರೆ, ಇಳಿಯಲೇಬೇಕು. ನೇತ್ರಾವತಿ ಕಡೆಯವರ ಸಂಕಟವೂ ಸುಳ್ಳಲ್ಲ. ಗೆರೆ ಇರಲಿ. ಆದರೆ ಅದನ್ನು ಗೆರೆ ಅಂತಲೇ ಕರೆಯಬೇಕು. ಮನುಷ್ಯರು ಕೂತು ಹಾಕಿದ್ದು, ಮನುಷ್ಯರು ಕೂತು ತಿದ್ದಬಹುದಾದದ್ದು ಅಂತ ಗೊತ್ತಾಗಬೇಕು. ಕಣಿವೆ ಅಂದಾಗ ಅದು ದೇವರು ಮಾಡಿಟ್ಟ ಬೆಟ್ಟದ ಹಾಗೆ ಕೇಳಿಸುತ್ತದೆ, ಎದುರು ನಿಂತವನ ಬಾಯಿ ಕಟ್ಟುತ್ತದೆ.

ಇದಕ್ಕೆ ಕನ್ನಡದಲ್ಲಿ ಬೇರೆ ಮಾತು ಇಲ್ಲವೇ? ಇದೆ. ಜಲಾನಯನ. ಆ ಹೆಸರಿನ ಇಲಾಖೆಯೇ ಇತ್ತು, ನಿಮ್ಮ ಹೊಲಕ್ಕೆ ಬದು ಹಾಕಿಸಿದ್ದು, ಕೃಷಿ ಹೊಂಡ ತೋಡಿಸಿದ್ದು ಅವರೇ. ಪದ ಸ್ವಲ್ಪ ಭಾರ, ಒಪ್ಪುತ್ತೇವೆ. ಆದರೆ ಇಪ್ಪತ್ತು ವರ್ಷದಿಂದ ರೈತರ ಬಾಯಲ್ಲಿ ಓಡಾಡಿ ಸವೆದು ಹಗುರಾಗಿದೆ. ಅದೂ ಬೇಡ ಅಂದರೆ "ಕಾವೇರಿ ನೀರಿನ ನೆಲ" ಅನ್ನಿ, "ಕೃಷ್ಣೆಗೆ ಹರಿಯೋ ಕಡೆ" ಅನ್ನಿ. ಜಿಲ್ಲೆಯ ಪತ್ರಕರ್ತರು ನೀರಿನ ಸುದ್ದಿ ಬರೆಯುವಾಗ ಇಷ್ಟು ಮಾಡಬಹುದು. ಹಾಗೆ ಬರೆದರೆ ಅಧಿಕಾರಿಯ ಉತ್ತರವೂ ಬದಲಾಗುತ್ತದೆ. "ನಿಮ್ಮ ಕೆರೆ ಕಾವೇರಿ ಕಣಿವೆಯಲ್ಲಿಲ್ಲ" ಅಂದರೆ ಮಾತು ಅಲ್ಲಿಗೇ ನಿಲ್ಲುತ್ತದೆ. "ನಿಮ್ಮ ಊರಿನ ಮಳೆ ನೀರು ಕೃಷ್ಣೆಗೆ ಹರಿಯುತ್ತದೆ, ಅದಕ್ಕೆ ಹೇಮಾವತಿ ಕೊಡೋದಿಲ್ಲ" ಅಂದರೆ ಯಾವ ರೈತನಾದರೂ ಕೇಳುತ್ತಾನೆ, "ಹಂಗಾದ್ರೆ ಕೃಷ್ಣೆ ಕಡೆಯಿಂದ ನಮಗೇನು ಕೊಡ್ತೀರಿ ಸಾರ್?" ಭದ್ರಾ ಮೇಲ್ದಂಡೆಯ ಕಡತದಲ್ಲಿ ಶಿರಾದ ಹೆಸರಿದೆ. 2023ರ ಕೇಂದ್ರ ಬಜೆಟ್ಟಿನಲ್ಲಿ ಆ ಯೋಜನೆಗೆ 5,300 ಕೋಟಿ ರೂಪಾಯಿ ಅಂತ ಓದಿದ್ದೂ ಎಲ್ಲರಿಗೂ ನೆನಪಿದೆ. ಕೇಳುವ ಪ್ರಶ್ನೆಗೆ ಕೊಂಡಿ ಸಿಗುವುದು ಹೀಗೆ.

ಇನ್ನು ನಮ್ಮ ನಿಜವಾದ ಕಣಿವೆಗಳ ಗತಿ. ದೊಡ್ಡ ಅರ್ಥ ಹೆಸರನ್ನು ತೆಗೆದುಕೊಂಡು ಹೋಯಿತು, ಸಣ್ಣ ಅರ್ಥದ ಜಾಗಗಳು ಕಾಗದದಲ್ಲಿ ಎಲ್ಲೂ ಇಲ್ಲ. ಕಣಿವೆಗೆ ಅಂತ ಬೇರೆ ಸರ್ವೆ ನಂಬರ್ ಇರುವುದಿಲ್ಲ. ಅರ್ಧ ಒಂದು ಊರಿನ ಗೋಮಾಳದಲ್ಲಿ, ಅರ್ಧ ಇನ್ನೊಂದು ಊರಿನ ಖರಾಬಿನಲ್ಲಿ, ಮೇಲಿನದು ಅರಣ್ಯ ಇಲಾಖೆಯದು. ಹಳೆಯ ನಕಾಶೆಯಲ್ಲಿ ಕಾಲುದಾರಿಯ ಚುಕ್ಕಿ ಗೆರೆ ಕಂಡರೆ ಪುಣ್ಯ. ಪಕ್ಕದ ಗುಡ್ಡದಲ್ಲಿ ಕ್ರಷರಿಗೆ ಲೀಸು ಕೊಟ್ಟಾಗ ಅರ್ಜಿಯಲ್ಲಿ ಬರೆಯುವುದು ಎಷ್ಟು ಎಕರೆ ಕಲ್ಲು ಅಂತ. ಅಲ್ಲಿ ಕುರಿ ಹಾಯುತ್ತಿತ್ತು, ಆ ಸಂದಿನಿಂದ ಇಳಿದ ಹಳ್ಳ ಕೆಳಗಿನ ಕೆರೆ ತುಂಬುತ್ತಿತ್ತು ಅಂತ ಬರೆಯುವ ಕಾಲಂ ಅದರಲ್ಲಿಲ್ಲ. ಗುಡ್ಡದ ಒಂದು ಪಕ್ಕ ಹೋದರೆ ಕಣಿವೆಯೂ ಹೋಯಿತು. ಎರಡು ಪಕ್ಕ ಇದ್ದರೆ ತಾನೇ ಸಂದು?

ಇದಕ್ಕೊಂದು ಕಾಗದದ ದಾರಿ ಇದೆ. 2002ರ ಜೀವವೈವಿಧ್ಯ ಕಾಯ್ದೆ ಪ್ರಕಾರ ಪ್ರತಿ ಪಂಚಾಯಿತಿಯಲ್ಲೂ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಊರಿನ ಗಿಡ, ಪ್ರಾಣಿ, ನೀರು, ನೆಲದ ಬಗ್ಗೆ ಜನರಿಂದಲೇ ಕೇಳಿ ದಾಖಲೆ ಪುಸ್ತಕ ಬರೆಯಬೇಕು. ಬಹಳ ಕಡೆ ಅದನ್ನು ಆಫೀಸಿನಲ್ಲೇ ಕೂತು ತುಂಬಿಸಿದ್ದಾರೆ, ಒಂದು ಊರಿನದನ್ನು ಇನ್ನೊಂದು ಊರಿಗೆ ನಕಲು ಮಾಡಿದ ಹಾಗೆ ಕಾಣುತ್ತದೆ. ಮುಂದಿನ ಗ್ರಾಮಸಭೆಯಲ್ಲಿ ಆ ಪುಸ್ತಕ ತೋರಿಸಿ ಅಂತ ಪಿಡಿಓ ಅವರನ್ನು ಕೇಳಿ. ನಿಮ್ಮ ಊರಿನ ಕಣಿವೆ ಅದರಲ್ಲಿ ಇದೆಯೇ ನೋಡಿ. ಇಲ್ಲದಿದ್ದರೆ ಬರೆಸಿ: ಹೆಸರೇನು, ಯಾವ ಎರಡು ಗುಡ್ಡದ ನಡುವೆ, ಯಾವ ಊರಿಂದ ಯಾವ ಊರಿಗೆ ದಾರಿ, ಮಳೆಗಾಲದಲ್ಲಿ ಅಲ್ಲಿಂದ ಇಳಿಯುವ ಹಳ್ಳ ಯಾವ ಕೆರೆಗೆ ಹೋಗುತ್ತದೆ, ಯಾವ ತಿಂಗಳಲ್ಲಿ ಯಾರ ಹಿಂಡು ಹಾಯುತ್ತದೆ, ಕರಡಿ ಚಿರತೆ ಕಂಡದ್ದುಂಟೋ, ಗುಡಿ ಇದೆಯೋ. ಫೋನಿನಲ್ಲಿ ಅಲ್ಲೇ ನಿಂತು ಲೊಕೇಶನ್ ತೆಗೆದು ಕೊಡಿ. ಹೆಸರನ್ನು ಮಾತ್ರ ನಿಮ್ಮ ಅಜ್ಜಿ ಹೇಳುವ ಹಾಗೇ ಬರೆಸಿ. ಅವರು ಕಣ್ವೆ ಅಂದರೆ ಕಣ್ವೆ, ಕಣಮೆ ಅಂದರೆ ಕಣಮೆ, ಪಾವಗಡದ ಗಡಿಯಲ್ಲಿ ಕನುಮ ಅಂದರೆ ಕನುಮ. ಬರೆದುಕೊಳ್ಳುವವರು ತಿದ್ದಿ ಶುದ್ಧ ಮಾಡಲು ಹೋದರೆ ಬೇಡ ಅನ್ನಿ.